ತಂತಿ ಕೀಳದ ಕೆಲಸ

ಖಾನಾಪುರ, ಮಂಗಳವಾರ, ೧೮ ನವೆಂಬರ್ ೨೦೨೫

ಮಚ್ಛೆಯ ವರ್ಕ್‌ಶಾಪಿನಲ್ಲಿ ಡ್ರಾಯಿಂಗ್ ಸಾಫ್ಟ್‌ವೇರ್ ಇವತ್ತು ಮತ್ತೆ ಲೈಸೆನ್ಸ್ ಕೇಳಿತು. ಕಂಪನಿಗೆ ಗೊತ್ತಾಗದಂತೆ ಇಂಟರ್ನೆಟ್ ತಂತಿ ಕಿತ್ತು ಕಳ್ಳ ಲೈಸೆನ್ಸ್ ನಂಬರ್ ಹಾಕು ಎಂದರು ಮಾಲೀಕರು ಸಿದರಾಯಣ್ಣ. ಒಲ್ಲೆ ಎಂದೆ.

“ಜ್ಞಾನ ಎಲ್ಲಾರ್ದೂ ಅಂತ ಕರಪತ್ರ ಹಂಚಿದಾಕಿ ನೀನ ಅಲ್ಲೇನವಾ ನೇತ್ರಾ? ಈಗ ಕಂಪನಿ ಸೊಸಿ ಆದೇನು?”

ಅವರ ಈ ಮಾತಿಗೆ ವರ್ಕ್‌ಶಾಪಿನವರೆಲ್ಲ ನಕ್ಕರು. ಉತ್ತರ ಹೊಳೆದದ್ದು ಮನೆಗೆ ಮರಳುವ ಬಸ್ಸಿನಲ್ಲಿ. ಕಂಪನಿ ಕೇಳುವ ಬೆಲೆ ಅನ್ಯಾಯವೇ, ಕಾನೂನೂ ಅದರ ಕಡೆಗೇ ಇದೆ. ಆದರೆ ಅಡಗಿಕೊಂಡು ಬಳಸುವವರು ಆ ಅನ್ಯಾಯವನ್ನು ಬಾಯಿಬಿಟ್ಟು ಪ್ರಶ್ನಿಸುವುದು ಹೇಗೆ?

ಯಾರು ಬೇಕಾದರೂ ಬಳಸಿ ತಿದ್ದಬಹುದಾದ ಉಚಿತ ಡ್ರಾಯಿಂಗ್ ಸಾಫ್ಟ್‌ವೇರ್ ಇಳಿಸಿಕೊಂಡಿದ್ದೇನೆ. ನಾಳೆ, ಈಗ ಕೈಯಲ್ಲಿರುವ ಪಂಪಿನ ಡ್ರಾಯಿಂಗ್ ಅದರಲ್ಲೇ ಮಾಡಿ ಸಿದರಾಯಣ್ಣನ ಮುಂದಿಡುತ್ತೇನೆ. ಒಪ್ಪದಿದ್ದರೆ ಕೆಲಸ ಹೋಗುತ್ತದೆ, ಹೋಗಲಿ.

ಅದರಲ್ಲಿ ಅಳತೆ ಹಾಕುವುದು ಹೇಗೆಂದು ಇನ್ನೂ ತಿಳಿದಿಲ್ಲ. ತಿಳಿಯದೆ ಮಲಗುವುದಿಲ್ಲ.