ಅಸ್ತರಿನೊಳಗಿನ ಕಲ್ಲುಗಳು

ಹಿಮದ ಮೇಲಿನ ಡೇರೆಯಿಂದ,
ಹಡಗು ಬಂದ ಮರುದಿನ

ನನ್ನ ಬಂಗಾರದಂಥ ಮಗಳಿಗೆ,

ಮೊದಲು ನೀನು ಹೇಗಿದ್ದೀಯ ಹೇಳು. ಕಾಲು ಊದಿಕೊಂಡಿದೆಯಂತೆ, ಮಲಗಿದರೆ ಮಗ್ಗುಲು ಬದಲಿಸಲು ಆಗುವುದಿಲ್ಲವಂತೆ, ಒಗ್ಗರಣೆ ವಾಸನೆ ಬಂದರೆ ಹೊಟ್ಟೆ ತೊಳಸುತ್ತದಂತೆ. ಹಡಗಿನವರು ನಿನ್ನ ಕಾಗದ ಕೈಗಿಟ್ಟ ಕೂಡಲೇ ದಡದಲ್ಲೇ ಕುಕ್ಕರಿಸಿ ಓದಿದೆ. ಡೇರೆಗೆ ಬಂದು ಮತ್ತೆ ಓದಿದೆ. ಕಾಲನ್ನು ದಿಂಬಿನ ಮೇಲೆ ಎತ್ತಿಟ್ಟುಕೊಂಡು ಮಲಗು. ಮನೆಯ ಕೆಲಸವೆಲ್ಲ ನಾನೇ ಮಾಡಬೇಕು ಅನ್ನುವ ಬುದ್ಧಿ ಬಿಡು. ಅದು ನನ್ನಿಂದಲೇ ಬಂದ ಬುದ್ಧಿ, ಗೊತ್ತು.

"ಅಮ್ಮಾ, ಇದೇ ಹಡಗಿಗೆ ಬಂದ್ಬಿಡು, ಹೆರಿಗೆ ಹೊತ್ತಿಗೆ ನೀನು ಪಕ್ಕದಲ್ಲಿಲ್ಲದಿದ್ರೆ ನನಗೆ ಧೈರ್ಯ ಸಾಲಲ್ಲ" ಎಂದು ಬರೆದಿದ್ದೀಯ. ಸುತ್ತಿ ಬಳಸಿ ಮಾತಾಡುವುದು ನನಗೆ ಬಾರದು. ಮಗಳೇ, ನಾನು ಈ ಹಡಗಿಗೆ ಬರುತ್ತಿಲ್ಲ. ಮುಂದಿನ ಹಡಗು ಬರುವುದು ಚಳಿಗಾಲ ಕಳೆದ ಮೇಲೆ. ಅಷ್ಟು ಹೊತ್ತಿಗೆ ನಿನ್ನ ಮಗು ಬೋರಲು ಬಿದ್ದು ಅಂಬೆಗಾಲಿಡಲು ನೋಡುತ್ತಿರುತ್ತದೆ. ಈ ಕಾಗದವನ್ನು ಇಲ್ಲಿಗೇ ಹರಿದು ಹಾಕಬೇಡ. ಪೂರ್ತಿ ಓದು, ಆಮೇಲೆ ಎಷ್ಟು ಬೇಕಾದರೂ ಬೈ.

ಕಾರಣ ಒಬ್ಬ ಹೆಂಗಸು. ನಗಬೇಡ.

ನಾನು ಇಲ್ಲಿಗೆ ಬಂದದ್ದೇ ಒಂದು ತಮಾಷೆ. ಹಿಮದ ನಾಡನ್ನು ಅಭ್ಯಾಸ ಮಾಡಲು ಹೊರಟ ಈ ತಂಡಕ್ಕೆ ಡೇರೆ ಹೊಲಿದುಕೊಟ್ಟವಳು ನಾನು. ಒಯ್ಯಲು ಅಂಗಡಿಗೆ ಬಂದ ತಂಡದ ಮುಖ್ಯಸ್ಥರನ್ನು, "ಅಲ್ಲಿ ಗಾಳಿಗೆ ಹರಿದ್ರೆ ಹೊಲಿಯೋರು ಯಾರು ಸ್ವಾಮಿ?" ಎಂದು ಕೇಳಿದೆ. "ನೀವೇ ಬನ್ನಿ" ಎಂದರು. ಅವರು ತಮಾಷೆಗೆ ಹೇಳಿದರೋ ನಿಜಕ್ಕೇ ಹೇಳಿದರೋ, ನಾನಂತೂ ಆ ಸಂಜೆ ಮೆಷಿನ್ನಿಗೆ ಮುಸುಕು ಹಾಕಿ, ಸೂಜಿ ದಾರ ಕತ್ತರಿ ಡಬ್ಬಿಗೆ ತುಂಬಿದೆ. ನಿನಗೆ ಮದುವೆಯಾಗಿ ಮನೆ ಭಣಭಣ ಅನ್ನುತ್ತಿತ್ತು. ಆಗ ನೀನೇ "ಹೋಗ್ಬಾ ಅಮ್ಮಾ" ಎಂದು ಬೆನ್ನು ತಟ್ಟಿ ಕಳಿಸಿದ್ದು, ಮರೆತೆಯಾ?

ತಂಡದಲ್ಲಿ ನಾನು ಬಿಟ್ಟರೆ ಇನ್ನೊಬ್ಬಳೇ ಹೆಂಗಸು. ಕಲ್ಲುಗಳ ವಿಜ್ಞಾನಿ. ವಯಸ್ಸಿನಲ್ಲಿ ನನಗಿಂತ ಸ್ವಲ್ಪ ದೊಡ್ಡವಳು. ಆಳು ಕಡ್ಡಿ, ಮಾತು ಅದಕ್ಕಿಂತ ತೆಳು. ಹಡಗಿನಲ್ಲಿ ಊಟಕ್ಕೆ ಕರೆದರೆ ತಲೆಯಾಡಿಸುತ್ತಿದ್ದಳು, ಬರುತ್ತೇನೆ ಎಂದೋ ಬೇಡ ಎಂದೋ ದೇವರಿಗೇ ಗೊತ್ತು. ನಾನೂ ಅಡುಗೆಯವನೂ ಸೇರಿ ಬೆನ್ನ ಹಿಂದೆ ಅವಳಿಗೆ ಕಲ್ಲಮ್ಮ ಎಂದು ಹೆಸರಿಟ್ಟೆವು.

ಇಲ್ಲಿ ಒಂದು ಕಟ್ಟುನಿಟ್ಟಿನ ನಿಯಮವಿದೆ. ಹಿಮದ ಮೇಲೆ ಯಾರೂ ಒಬ್ಬರೇ ಓಡಾಡುವಂತಿಲ್ಲ. ಅಡಿಯಲ್ಲಿ ಆಳವಾದ ಬಿರುಕುಗಳಿರುತ್ತವೆ, ಮೇಲೆ ಹಿಮ ಹಪ್ಪಳದ ಹಾಗೆ ಮುಚ್ಚಿಕೊಂಡಿರುತ್ತದೆ. ಆದ್ದರಿಂದ ಇಬ್ಬಿಬ್ಬರನ್ನು ಒಂದೇ ಹಗ್ಗಕ್ಕೆ ಕಟ್ಟುತ್ತಾರೆ. ಒಬ್ಬರು ಕುಸಿದರೆ ಇನ್ನೊಬ್ಬರು ಹಿಡಿಯಬೇಕಲ್ಲ, ಅದಕ್ಕೇ ಜೋಡಿ ಮಾಡುವುದು ತೂಕ ನೋಡಿ. ಗುಣವೂ ಇಲ್ಲ, ಸ್ವಭಾವವೂ ಇಲ್ಲ, ಬರೀ ತೂಕ. ಇಳಿದ ದಿನ ದಡದಲ್ಲೇ ಸಾಮಾನು ತೂಗುವ ತಕ್ಕಡಿಯ ಮೇಲೆ ಕೋಟು ಬೂಟು ಸಮೇತ ಒಬ್ಬೊಬ್ಬರನ್ನೂ ನಿಲ್ಲಿಸಿದರು. ಗಂಡಸರೆಲ್ಲ ಒಂದೊಂದು ಮೂಟೆ. ನಾನೂ ಕಲ್ಲಮ್ಮನೂ ಸರಿಸಮ ಬಂದೆವು. ಈ ಕಡ್ಡಿ ನನ್ನಷ್ಟು ತೂಗ್ತಾಳಾ ಎಂದು ಬಾಯಿ ಬಿಟ್ಟುಕೊಂಡು ನೋಡಿದೆ. ಹಾಗೆ ಅವಳು ನನಗೆ ಗಂಟುಬಿದ್ದಳು.

ಮೊದಮೊದಲು ಆ ಹಗ್ಗ ಕಂಡರೆ ಉರಿಯುತ್ತಿತ್ತು. ದೂರದ ಡೇರೆಗಳಿಗೆ ತೇಪೆ ಹಾಕಲು ನಾನು ದಾಪುಗಾಲು ಹಾಕುವುದು, ಅವಳು ಯಾವುದೋ ಕಲ್ಲು ಕಂಡು ಗಕ್ಕನೆ ನಿಲ್ಲುವುದು, ನಾನು ಮುಗ್ಗರಿಸಿ ಮೂತಿ ಕೆಳಗೆ ಮಾಡಿ ಬೀಳುವುದು. "ಹೇಳಿ ನಿಲ್ಲೋಕೆ ಏನ್ರೀ ಮೇಡಂ ಧಾಡಿ?" ಎಂದು ಕಿರುಚುತ್ತಿದ್ದೆ. ಅವಳು ಕಲ್ಲನ್ನು ಒರೆಸಿ ಜೇಬಿಗೆ ಹಾಕಿಕೊಳ್ಳುತ್ತಿದ್ದಳು, ಅಷ್ಟೇ. ಗೋಡೆಗೆ ಬೈದಿದ್ದರೂ ಚೂರು ಸುಣ್ಣ ಉದುರುತ್ತಿತ್ತು.

ಈ ಜಾಗವನ್ನು ನಿನಗೆ ಹೇಗೆ ಹೇಳಲಿ? ಬೇಸಿಗೆಯೆಲ್ಲ ಸೂರ್ಯ ಮುಳುಗಲೇ ಇಲ್ಲ. ದಾರಿ ತಪ್ಪಿದವನ ಹಾಗೆ ನಮ್ಮನ್ನೇ ಸುತ್ತುತ್ತಿದ್ದ. ನಿನ್ನೆ ಎಲ್ಲಿ ಮುಗಿಯಿತು, ಇವತ್ತು ಎಲ್ಲಿ ಶುರುವಾಯಿತು ತಿಳಿಯುತ್ತಿರಲಿಲ್ಲ. ಕಣ್ಣು ಮುಚ್ಚಿದರೂ ಬೆಳಕು, ತೆರೆದರೂ ಬೆಳಕು. ಡೇರೆಯ ಬಟ್ಟೆ ಕಿತ್ತಳೆ ಬಣ್ಣದ್ದು, ಒಳಗೆ ಮಲಗಿದರೆ ನಾವಿಬ್ಬರೂ ಯಾವುದೋ ಹಣ್ಣಿನೊಳಗಿನ ಎರಡು ಬೀಜ ಅನ್ನಿಸುತ್ತಿತ್ತು. ಹೊರಗೆ ಹಿಮ ತನ್ನಷ್ಟಕ್ಕೆ ನರಳುತ್ತದೆ, ನಿಟ್ಟುಸಿರು ಬಿಡುತ್ತದೆ. ಮೊದಲು ಭಯವಾಗುತ್ತಿತ್ತು, ಈಗ ಅದಿಲ್ಲದೆ ನಿದ್ದೆ ಹತ್ತುವುದಿಲ್ಲ.

ಒಮ್ಮೆ ಬಿರುಗಾಳಿಗೆ ಸಿಕ್ಕಿ ಡೇರೆಯಿಂದ ಹೊರಗೆ ತಲೆ ಹಾಕಲೂ ಆಗದೆ ಬಿದ್ದುಕೊಂಡಿದ್ದೆವು. ಆಗ ಕಲ್ಲಮ್ಮ ತಾನಾಗಿ ಕೇಳಿದಳು: "ನಿದ್ದೇಲಿ ಕಾಲು ಯಾಕೆ ಆಡಿಸ್ತೀರಿ?" ನಾನು, "ಮೆಷಿನ್ ತುಳೀತೀನಿ ಕಣ್ರೀ, ಅಭ್ಯಾಸ" ಎಂದೆ. ಅವಳು ನಕ್ಕಳು ಮಗಳೇ! ಆಮೇಲೆ ತೀರಾ ಗಂಭೀರವಾಗಿ, ನಿದ್ದೆಯಲ್ಲಿ ಏನು ಹೊಲೀತೀರಿ ಎಂದು ವಿಚಾರಿಸಿದಳು. ಅಷ್ಟು ಸಾಕಾಯಿತು ನನಗೆ. ಗಾಳಿ ನಿಲ್ಲುವಷ್ಟರಲ್ಲಿ ನಮ್ಮ ಬೀದಿಯನ್ನೆಲ್ಲ ಅವಳ ಮುಂದೆ ಹರವಿದ್ದೆ. ಎದುರಿನ ಇಸ್ತ್ರಿ ಅಂಗಡಿ, ಗುಂಡಿ ಕೊಳ್ಳಲು ಬಂದು ಕಷ್ಟ ಸುಖ ಹೇಳಿ ಹೋಗುವ ನರ್ಸಮ್ಮ, ಚಿಕ್ಕವಳಿದ್ದಾಗ ನೀನು ಮೆಷಿನ್ನಿನ ಕೆಳಗೆ ತುಂಡುಬಟ್ಟೆ ಹಾಸಿಕೊಂಡು ಮಲಗುತ್ತಿದ್ದದ್ದು, ಎಲ್ಲ.

ಬದಲಿಗೆ ಅವಳು ನನ್ನ ಅಂಗೈಯಲ್ಲಿ ಒಂದು ಕಲ್ಲಿಟ್ಟಳು. ಅದರ ಮೈಮೇಲೆ ಒಂದು ಎಲೆ, ನರ ನರವೂ ಕಾಣುವಂತೆ. ಈ ಹಿಮದ ಜಾಗದಲ್ಲಿ ಒಂದು ಕಾಲಕ್ಕೆ ಕಾಡಿತ್ತಂತೆ, ಬೆಚ್ಚಗಿನ ಗಾಳಿಯಿತ್ತಂತೆ. ಓದುವ ಹುಡುಗಿಯಾಗಿದ್ದಾಗ ಅವಳು ಇಲ್ಲಿಗೆ ಒಮ್ಮೆ ಬಂದಿದ್ದಳಂತೆ. ದುರ್ಬೀನಿನಲ್ಲಿ ನೋಡುವಾಗ ದೂರದ ಕಪ್ಪು ಬೆಟ್ಟದ ಪಕ್ಕೆಯಲ್ಲಿ ಕಲ್ಲಾಗಿ ನಿಂತ ಮರದ ಬೊಡ್ಡೆಗಳು ಸಾಲಾಗಿ ಕಂಡವಂತೆ. ಅಷ್ಟರಲ್ಲಿ ಮಂಜು ಕವಿಯಿತು, ತಂಡ ಹಿಂದಕ್ಕೆ ಹೊರಟಿತು. ಹೇಳಿದರೆ ಒಬ್ಬರೂ ನಂಬಲಿಲ್ಲ. ಅಲ್ಲಿಂದೀಚೆಗೆ ಅವಳ ಬದುಕೆಲ್ಲ ಆ ಬೊಡ್ಡೆಗಳನ್ನು ಮುಟ್ಟುವುದಕ್ಕೇ ಕಾಯ್ದದ್ದು. ಇದು ಅವಳ ಕೊನೆಯ ಸರದಿ, ಊರಿಗೆ ಮರಳಿದರೆ ನಿವೃತ್ತಿ. ಆ ದಿನ ನಿದ್ದೆಯಲ್ಲಿ ನಮ್ಮ ಬೀದಿಯೇ ಹಿಮದಡಿ ಮಲಗಿದ್ದ ಹಾಗೆ ಕನಸು ಕಂಡೆ. ಇಸ್ತ್ರಿ ಪೆಟ್ಟಿಗೆಯ ಕೆಂಡ ಮಾತ್ರ ಆರಿರಲಿಲ್ಲ.

ಈಗ ಹೇಳುವುದನ್ನು ಓದಿ ಗಾಬರಿಯಾಗಬೇಡ, ನಾನು ಗಟ್ಟಿಮುಟ್ಟಾಗಿದ್ದೇನೆ. ಒಂದು ದಿನ ಹಾಡು ಗುನುಗುತ್ತ ನಡೆಯುತ್ತಿದ್ದೆ, ಕಾಲಡಿಯ ನೆಲ ಇಲ್ಲವಾಯಿತು. ಬಿರುಕಿನೊಳಗೆ ಹಗ್ಗದ ತುದಿಯಲ್ಲಿ ನೇತಾಡುತ್ತಿದ್ದೆ. ಎರಡೂ ಕಡೆ ನೀಲಿ ಗೋಡೆ, ಆ ಬಣ್ಣದ ಸೀರೆಯನ್ನು ನಾನು ಯಾವ ಅಂಗಡಿಯಲ್ಲೂ ನೋಡಿಲ್ಲ. ಸಾಯುತ್ತೇನೆ ಅನ್ನಿಸಲಿಲ್ಲ, ಎಷ್ಟು ಚೆನ್ನಾಗಿದೆ ಅನ್ನಿಸಿತು ನೋಡು! ಮೇಲಿನಿಂದ ಕಲ್ಲಮ್ಮನ ದನಿ ಕೇಳಿತು: "ಬಿಡಲ್ಲ ಕಣೇ, ಬಿಡಲ್ಲ." ಅಂಗಾತ ಬಿದ್ದು, ಹಿಮ್ಮಡಿಯನ್ನು ಹಿಮಕ್ಕೆ ನಾಟಿ, ಬೇರೆಯವರು ಓಡಿಬರುವ ತನಕ ಹಿಡಿದುಕೊಂಡಿದ್ದಳು. ಮೇಲೆ ಬಂದು ನೋಡಿದರೆ ಅವಳ ಕೋಟು ಹರಿದು ಚಿಂದಿ, ಅಂಗೈ ಸುಲಿದು ರಕ್ತ. ನನಗೆ ಅಳು ತಡೆಯಲಾಗಲಿಲ್ಲ. ಅಂದಿನಿಂದ ನೀವು, ಮೇಡಂ ಎಲ್ಲ ಬಿದ್ದುಹೋಯಿತು.

ಆ ಕೋಟನ್ನು ಹೊಲಿಯಲು ಕೂತಾಗ ಗುಟ್ಟು ಹೊರಬಿತ್ತು. ಜೇಬುಗಳ ತಳವೆಲ್ಲ ತೂತು. ಬಟ್ಟೆಗೂ ಒಳಪದರದ ಅಸ್ತರಿಗೂ ನಡುವೆ ಕೈ ಹಾಕಿದರೆ ಕಲ್ಲು, ಕಲ್ಲು, ಬರೀ ಕಲ್ಲು! ದಡಕ್ಕೆ ಇಳಿದ ದಿನ, ನಮ್ಮನ್ನು ತೂಗುವ ಮೊದಲೇ, ಆರಿಸಿ ಜೇಬಿಗೆ ಹಾಕಿಕೊಂಡವು. ಕಾಣೆಯಾದವೆಂದು ಪಾಪದ ಅಡುಗೆಯವನ ಮೇಲೆ ಅನುಮಾನ ಪಟ್ಟಿದ್ದಳಂತೆ. ಇಷ್ಟು ದಿನ ಮೈಮೇಲೇ ಹೊತ್ತು ತಿರುಗಿದ್ದಾಳೆ, ಕೋಟು ಇರುವುದೇ ಹೀಗೆ ಭಾರ ಎಂದುಕೊಂಡು. ಇಬ್ಬರೂ ಹೊಟ್ಟೆ ಹಿಡಿದುಕೊಂಡು ನಕ್ಕೆವು. ಆಮೇಲೆ ಇಬ್ಬರ ಮುಖವೂ ಸಣ್ಣಗಾಯಿತು. ಅವಳು ನನ್ನಷ್ಟು ತೂಗುವವಳೇ ಅಲ್ಲ, ಹಗ್ಗಕ್ಕೆ ಕಟ್ಟಲು ಇಟ್ಟಿರುವ ಮಿತಿಗಿಂತಲೂ ಕಡಿಮೆ. ದೂರ ಹೊರಡುವ ಮುಂಚೆ ಮತ್ತೆ ತೂಗುತ್ತಾರೆ, ಗೊತ್ತಾದರೆ ಮುಖ್ಯಸ್ಥರು ಅವಳನ್ನು ಬೀಡಿನಿಂದ ಆಚೆ ಕದಲಲು ಬಿಡುವುದಿಲ್ಲ, ಬೆಟ್ಟದ ಆಸೆ ಅಲ್ಲಿಗೇ ಮುಗಿಯಿತು. ಏನು ಮಾಡಿದೆ ಗೊತ್ತೇ? ಅಸ್ತರಿನೊಳಗೆ ಅಚ್ಚುಕಟ್ಟಾಗಿ ಚೀಲ ಹೊಲಿದು, ಅದೇ ಕಲ್ಲುಗಳನ್ನು ತುಂಬಿ, ಹೊಲಿಗೆ ಕಾಣದ ಹಾಗೆ ಮುಚ್ಚಿದೆ. ಇಷ್ಟು ವರ್ಷದಲ್ಲಿ ನಾನು ಮಾಡಿದ ಅತ್ಯಂತ ಚೆಂದದ ಕೆಲಸ ಅದು. ನಾನು ಬೀಳದ ಹಾಗೆ ನಡೆದರಾಯಿತು, ಅದು ನನ್ನ ಜವಾಬ್ದಾರಿ ಎಂದೆ.

ಆ ಬೆಟ್ಟಕ್ಕೆ ಹೋಗುವ ದಾರಿಯಲ್ಲಿ ಹಿಮ ಗಟ್ಟಿಯಾಗುವುದು ಹಡಗು ಹೊರಟ ಮೇಲೆ, ಕತ್ತಲ ಕಾಲ ಶುರುವಾಗುವ ಮುಂಚಿನ ಆ ನಾಲ್ಕಾರು ದಿನ. ನಾನು ಹಡಗು ಹತ್ತಿದರೆ ಅವಳ ತೂಕಕ್ಕೆ ಇಲ್ಲಿ ಇನ್ನೊಬ್ಬರಿಲ್ಲ. ನಾನು ಉಳಿದರೆ ಅವಳು ಹೋಗುತ್ತಾಳೆ, ಹೊರಟರೆ ಇಲ್ಲ. ಇಷ್ಟೇ ವಿಷಯ.

ನೀನು ಕೇಳಬಹುದು, ಹಾಗಾದರೆ ನಾನೇನು ನಿನಗೆ ಲೆಕ್ಕಕ್ಕಿಲ್ಲವಾ ಎಂದು. ಕಂದಾ, ನಿನ್ನ ಕಾಗದ ಓದಿದಾಗಿನಿಂದ ಸೂಜಿಗೆ ದಾರ ಪೋಣಿಸಲೂ ಮನಸ್ಸಿಲ್ಲ. ನೀನು ನೋವು ತಿನ್ನುವಾಗ ನಿನ್ನ ತಲೆ ನೇವರಿಸಲು ನಾನಿರುವುದಿಲ್ಲ ಎಂದು ನೆನೆದರೆ ಈ ಹಾಳು ಹಿಮವೆಲ್ಲ ಬೇಡ ಅನ್ನಿಸುತ್ತದೆ. ಆದರೆ ನಿನಗೆ ಗಂಡನಿದ್ದಾನೆ, ಅತ್ತೆಯಿದ್ದಾರೆ. ನಿನ್ನ ಅತ್ತೆಯ ಬಾಯಿ ಜೋರು, ಕೈ ಮಾತ್ರ ತುಂಬಾ ಮೃದು. ಇವಳಿಗೆ ನಾನೊಬ್ಬಳೇ. ಇನ್ನೂ ಒಂದು ನಿಜ ಹೇಳಿಬಿಡುತ್ತೇನೆ: ಆ ಕಲ್ಲಿನ ಮರಗಳನ್ನು ನನಗೂ ನೋಡಬೇಕು. ನನ್ನ ವಯಸ್ಸಿನಲ್ಲಿ ಇಷ್ಟು ಆಸೆ ಹುಟ್ಟುತ್ತದೆ ಎಂದು ಯಾರೂ ನನಗೆ ಹೇಳಿರಲಿಲ್ಲ.

ಈಗಷ್ಟೇ ಕಲ್ಲಮ್ಮ ಒಳಗೆ ಬಂದು, ಮಗಳು ಏನು ಬರೆದಿದ್ದಾಳೆ, ದಿನ ತುಂಬುತ್ತಾ ಬಂತಾ ಎಂದು ಕೇಳಿದಳು. ಎಲ್ಲ ಚೆನ್ನಾಗಿದೆಯಂತೆ, ಅಲ್ಲಿ ಆರೈಕೆಗೆ ಜನ ಬೇಕಾದಷ್ಟಿದ್ದಾರಂತೆ, ನಿಧಾನಕ್ಕೆ ಬಾ ಅಂದಿದ್ದಾಳೆ ಎಂದು ಸುಳ್ಳು ಹೇಳಿದೆ. ನನ್ನ ಮುಖವನ್ನೇ ಸ್ವಲ್ಪ ಹೊತ್ತು ನೋಡಿದಳು. ಅವಳು ಅಂಚೆಚೀಲದ ಕಡೆಗೇ ಹೊರಟಿದ್ದಾಳೆ, ಈ ಕಾಗದವನ್ನು ಅವಳ ಕೈಗೇ ಕೊಡುತ್ತೇನೆ. ಕಲ್ಲು ಬಿಟ್ಟರೆ ಬೇರೇನನ್ನೂ ಓದುವವಳಲ್ಲ, ಭಯವಿಲ್ಲ.

ಮಗುವಿಗೆ ಹೊಲಿದ ಪುಟ್ಟ ಅಂಗಿಗಳನ್ನು ಹಡಗಿನವರ ಕೈಯಲ್ಲಿ ಕಳಿಸುತ್ತಿದ್ದೇನೆ. ಹೊಲಿಗೆಯ ಅಂಚು ಮೈಗೆ ಚುಚ್ಚದ ಹಾಗೆ ಹೊರಗೆ ತಿರುಗಿಸಿದ್ದೇನೆ, ತಿರುಗುಮುರುಗು ಹಾಕಿದ್ದಾಳೆ ಎಂದು ನಗಬೇಡ. ಧೈರ್ಯವಾಗಿರು. ಕ್ಷಮಿಸು ಎನ್ನುವುದಿಲ್ಲ, ನಾನು ಬಂದಾಗ ಮಗುವನ್ನು ನನ್ನ ಮಡಿಲಿಗೆ ಹಾಕು, ಸಾಕು.

ಎಷ್ಟು ದೂರವಿದ್ದರೂ ನಿನ್ನವಳೇ ಆದ,
ಅಮ್ಮ

ತಾ.ಕ.: ಇದು ನಿಮ್ಮ ತಾಯಿಯ ಬರಹವಲ್ಲ. ಲಕೋಟೆ ಅಂಟಿಸಲು ನನ್ನ ಕೈಗೆ ಕೊಟ್ಟರು. ಓದಿದೆ. ತಪ್ಪು, ಗೊತ್ತು. ಅವರ ಮುಖ ನೋಡಿ ಅನುಮಾನ ಬಂತು. ಓದಿ ಮುಗಿಸಿ ಅಸ್ತರು ಬಿಚ್ಚಿ, ಕಲ್ಲುಗಳನ್ನು ಮುಖ್ಯಸ್ಥರ ಮೇಜಿನ ಮೇಲಿಟ್ಟು, ತಕ್ಕಡಿ ಹತ್ತಿದೆ. ಇನ್ನು ನನ್ನನ್ನು ಯಾರ ಹಗ್ಗಕ್ಕೂ ಕಟ್ಟುವುದಿಲ್ಲ. ಬೀಡಿನಲ್ಲೇ ಕೂತು ಬೇರೆಯವರು ತಂದ ಕಲ್ಲು ನೋಡುತ್ತೇನೆ, ಅದೂ ಕೆಲಸವೇ. ನಿಮ್ಮ ತಾಯಿ ಇಲ್ಲಿ ಉಳಿಯಲು ಈಗ ಕಾರಣವಿಲ್ಲ. ನಿಮ್ಮ ಹೆರಿಗೆಯ ವಿಷಯ ಹೇಳಿದೆ, ಮುಖ್ಯಸ್ಥರು ನಾಳೆ ಅವರನ್ನು ಹಡಗು ಹತ್ತಿಸುತ್ತಾರೆ. ಅವರಿಗೆ ಇನ್ನೂ ತಿಳಿದಿಲ್ಲ. ಈ ಕಾಗದವೂ ಅದೇ ಹಡಗಿನ ಅಂಚೆಯಲ್ಲಿ ಬರುತ್ತದೆ, ಅವರು ನಿಮ್ಮ ಮನೆ ಸೇರಿ ಒಂದೆರಡು ದಿನವಾದ ಮೇಲೆ ನಿಮ್ಮ ಕೈಗೆ ಸಿಗಬಹುದು. ಬರುವುದಿಲ್ಲ ಎಂದು ಬರೆದದ್ದಕ್ಕೆ ಅವರ ಮೇಲೆ ಕೋಪ ಮಾಡಿಕೊಳ್ಳಬೇಡಿ. ನನಗಾಗಿ ಯಾರೂ ಇದುವರೆಗೆ ಹತ್ತಬೇಕಾದ ಹಡಗನ್ನು ಬಿಡಲು ಹೊರಟಿರಲಿಲ್ಲ. ಅದನ್ನು ಅವರ ಕೈಬರಹದಲ್ಲಿ ಓದಿದ್ದೇನೆ, ನನಗೆ ಅಷ್ಟು ಸಾಕು. ಅವರು ಅಲ್ಲಿಗೆ ಬಂದು ದಿನವಿಡೀ ಬೈಯುತ್ತಿದ್ದರೆ ತಡೆಯಬೇಡಿ. ಅದೆಲ್ಲ ನನಗೆ ಸೇರಬೇಕಾದ ಬೈಗುಳ. ನನ್ನ ಬದಲು ನೀವು ಕೂತು ಕೇಳಿಸಿಕೊಳ್ಳಿ.