ಕೇಳಿಸುವ ಊಟ

ಮಾರ್ಚ್ ೧೪, ಗುರುವಾರ

ಜ್ವರ ಬಂದು ಹೋದಾಗಿನಿಂದ ಮಾವನಿಗೆ ವಾಸನೆಯೇ ತಿಳಿಯುವುದಿಲ್ಲ. ಏನು ಬಡಿಸಿದರೂ ಎರಡು ತುತ್ತು ತಿಂದು, "ಸಾಕಮ್ಮ" ಎಂದು ತಟ್ಟೆ ಸರಿಸುತ್ತಾರೆ. ಮೂಗು ಕೈಕೊಟ್ಟರೆ ನಾಲಿಗೆಗೆ ಉಳಿಯುವುದಾದರೂ ಏನು? ದಿನವಿಡೀ ಇದೇ ಯೋಚನೆ.

ಸಂಜೆ ಪಾಲಕ್ ಸಲಾಡ್ ಮಾಡಿದೆ. ಬೀನ್ಸ್ ಕಾಳು ಬೆಂದಿತ್ತು, ವಾಲ್ನಟ್ ಹುರಿದಿಟ್ಟಿದ್ದೆ. ಹಂದಿಮಾಂಸದ ಬೇಕನ್ ಪಟ್ಟಿಗಳು ಮಾತ್ರ ಹುರಿಯುವಾಗ ನನ್ನ ಕೈಯಲ್ಲಿ ಯಾವಾಗಲೂ ಸೀದುಹೋಗುತ್ತವೆ. ಪಕ್ಕದಲ್ಲೇ ರಿಪೇರಿಗೆ ಬಂದ ಯಾರದೋ ಗಡಿಯಾರ ಬಿಚ್ಚಿಕೊಂಡು ಕೂತಿದ್ದ ಮಾವ ತಲೆ ಎತ್ತದೆಯೇ ಅಂದರು, "ಚಟಪಟ ನಿಂತು ಸುಯ್ ಅಂತಿದೆ. ಈಗ ಇಳಿಸಮ್ಮ."

ಇಳಿಸಿದೆ. ಗರಿಗರಿ, ಹೇಳಿ ಮಾಡಿಸಿದ ಹಾಗೆ! ಬಾಣಲೆಯಲ್ಲಿ ಕರಗಿದ್ದ ಬಿಸಿ ಕೊಬ್ಬನ್ನು ಸೊಪ್ಪಿನ ಮೇಲೆ ಸುರಿದು, ಎಲ್ಲ ಕಲಸಿ ಕೊಟ್ಟೆ. ತಟ್ಟೆ ಖಾಲಿಯಾಯಿತು.

"ರುಚಿ ಗೊತ್ತಾಯ್ತಾ ಮಾವ?"

"ಇಲ್ಲಮ್ಮ. ಆದ್ರೆ ಚೆನ್ನಾಗಿ ಕೇಳಿಸ್ತು."

ಅದು ಹೇಗೆಂದು ನೋಡಲೇಬೇಕಲ್ಲ. ಈಗ ಹಾಸಿಗೆಯಲ್ಲಿ ಕೂತು, ಮೂಗು ಹಿಡಿದುಕೊಂಡು ಒಂದು ವಾಲ್ನಟ್ ಕಡಿದೆ. ಕಟಕ್ ಅಂದದ್ದೇ ತಡ, ಗೋಡೆಯಾಚೆಯಿಂದ ಮಾವನ ದನಿ: "ಒಬ್ಬಳೇ ತಿಂತಿದೀಯಾ? ನನಗೂ ನಾಲ್ಕು ಕೊಡಮ್ಮ."

ಅವರು ಬಾಯಿಬಿಟ್ಟು ಏನಾದರೂ ಕೇಳಿ ಎಷ್ಟು ತಿಂಗಳಾಗಿತ್ತೋ. ಡಬ್ಬಿಯನ್ನೇ ಒಯ್ಯುತ್ತೇನೆ.