ಕಿರುಬೆರಳಿಗೆ ಬಂದ ನೀರು

೧೨ ಜನವರಿ ೧೯೭೫, ರವಿವಾರ. ಇಂಡಿ. ಬೆಳಿಗ್ಗೆ

ಸ್ನಾನ, ಪೂಜೆ, ಚಹಾ. ಸಾಲಿಗೆ ಸೂಟಿ. ಧಾರವಾಡದ ಗೆಳೆಯ ಕಳಿಸಿದ ಪುಸ್ತಕ ನೂರಾ ನಾಲ್ಕನೇ ಪುಟಕ್ಕೆ ಬಂತು. ಫೆನಾಮೆನಾಲಜಿ — ಹೆಸರು ಹೇಳುವಷ್ಟರಲ್ಲೇ ಅರ್ಧ ಉಸಿರು ಹೋಗುತ್ತದೆ. ಇಂಗ್ಲಿಷ್ ಮಾಸ್ತರ ಅಂತ ಊರಲ್ಲಿ ಹೆಸರು, ಪುಟಕ್ಕೆ ಹತ್ತು ಸಲ ಡಿಕ್ಷನರಿ. ಆದರೂ ತಿರುಳು ಸುಲಭ. ಗೊತ್ತಿದೆ ಅಂದುಕೊಂಡದ್ದನ್ನೆಲ್ಲ ಕಂಸದೊಳಗೆ ಹಾಕಿ ಪಕ್ಕಕ್ಕಿಡು. ಅನುಭವಕ್ಕೆ ಏನು ಬಂತೋ ಅದನ್ನು ಬಂದ ಹಾಗೆ ಹೇಳು. ಹೆಸರು, ಕಾರಣ ಎಲ್ಲ ಆಮೇಲೆ.

ಇವತ್ತು ಪೂಜೆಯಲ್ಲೇ ಮಾಡಿ ನೋಡಿದೆ. ಎಡ ಅಂಗೈಯಲ್ಲಿ ಲಿಂಗ. ಸಣ್ಣವನಿದ್ದಾಗಿನಿಂದ ದಿನಾ ಇಟ್ಟುಕೊಂಡದ್ದು, ಒಮ್ಮೆಯೂ ಲಕ್ಷ್ಯ ಕೊಟ್ಟಿಲ್ಲ. ಮನಸ್ಸು ಹುಡುಗರ ಪೇಪರಿನ ಮೇಲೆ. ಕಣ್ಣು ಮುಚ್ಚಿ ನೀರು ಹಾಕಿದೆ. ಭಾರ. ತಣ್ಣಗೆ. ನೀರು ಅಂಗೈ ನಡುವಿನಿಂದ ಉಂಗುರಬೆರಳ ತನಕ ಬಂತು... ಅಲ್ಲಿಗೆ ನಿಂತಿತು. ಕಣ್ಣು ತೆರೆದರೆ ಕಿರುಬೆರಳು ದಾಟಿ ಕೆಳಗಿನ ತಟ್ಟೆಗೆ ತೊಟ್ಟಿಕ್ಕುತ್ತಿದೆ. ನನಗೆ ತಿಳಿದೇ ಇಲ್ಲ.

ಮತ್ತೆ ಹಾಕಿದೆ. ಮತ್ತೆ ಹಾಗೇ. ಸೂಜಿ ಚುಚ್ಚಿದೆ. ಯಾರದೋ ಬೆರಳು.

೧೩ ಜನವರಿ, ಸಂಜೆ

ದೊಡ್ಡ ರೋಗ. ಕುಷ್ಠ. ಬರೆದೆ ಕಡೆಗೆ.

ದೊಡ್ಡಪ್ಪನಿಗೂ ಬೆರಳು ಮರಗಟ್ಟಿಯೇ ಶುರುವಾದದ್ದು. ತೋಟದ ಗುಡಿಸಲಲ್ಲಿ ಇಟ್ಟರು. ರೊಟ್ಟಿಯನ್ನು ಕೋಲಿನಿಂದ ಸರಿಸುತ್ತಿದ್ದರು. ಕೋಲು ಹಿಡಿದವರಲ್ಲಿ ನಾನೂ ಒಬ್ಬ. ಹತ್ತು ವರ್ಷದವ.

ಕಸ್ತೂರಿಗೆ ಹೇಳಲಾರೆ. ಹೆಂಡತಿಗೆ ಹೇಳುವ ಮಾತಾ ಇದು? ಮಗಳು ಸುಮಿತ್ರಾಗೆ ನಾಲ್ಕು ವರ್ಷ. ನನ್ನ ಕಿರುಬೆರಳು ಹಿಡಿದರೇನೇ ಅವಳಿಗೆ ನಿದ್ದೆ. ಅದೇ ಬೆರಳು.

೧೪ ಜನವರಿ. ಸಂಕ್ರಾಂತಿ

ಓಣಿಯವರೆಲ್ಲ ಬುತ್ತಿ ಕಟ್ಟಿಕೊಂಡು ಲಿಂಬಿ ತೋಟಕ್ಕೆ. ಪ್ರತಿ ವರ್ಷ ನಾವು ಮೂವರೂ ಒಂದೇ ಗಂಗಾಳದಲ್ಲಿ ಉಣ್ಣುವವರು. ಇವತ್ತು ಬೇರೆ ಎಲೆ ಹಾಕಿಸಿಕೊಂಡು ದೂರ ಕೂತೆ. ಹೊಟ್ಟೆ ಸರಿಯಿಲ್ಲ ಅಂದೆ. ಅಂದವನು ಐದು ಸಜ್ಜಿ ರೊಟ್ಟಿ ತಿಂದೆ. ಸುಳ್ಳಿಗೂ ರೂಢಿ ಬೇಕು. ಕಸ್ತೂರಿ ನೋಡಿದಳು.

೨೧ ಜನವರಿ

ಹಾಸಿಗೆ ಪಡಸಾಲೆಗೆ ಬಂತು. ತಂಬಿಗೆ ಬೇರೆ, ಗಂಗಾಳ ಬೇರೆ. ಸುಮಿತ್ರಾ ಎರಡು ದಿನ ಅತ್ತು ಸುಮ್ಮನಾದಳು. ಪೂಜೆ ಈಗ ಒಂದು ತಾಸು — ನೀರು ಹಾಕುವುದು, ಕಣ್ಣು ಮುಚ್ಚಿ ಕಾಯುವುದು, ಮತ್ತೆ ಹಾಕುವುದು. ಉಂಗುರಬೆರಳು ದಾಟುವುದಿಲ್ಲ. ಕಸ್ತೂರಿ ಬಾಗಿಲಲ್ಲಿ ನಿಂತು ನೋಡಿ ಹೋಗುತ್ತಾಳೆ.

ನಿನ್ನೆ ಪುಸ್ತಕ ಕಾಣಲಿಲ್ಲ. ಹುಡುಕಿದರೆ ಜೋಳದ ಚೀಲದಲ್ಲಿ.

"ಇದರಾಗ ಯಾಕ ಇಟ್ಟಿ?"

"ಇಲಿ ತಿಂದ್ರ ತಿನ್ನಲಿ ಅಂತ."

೨೭ ಜನವರಿ, ಸಂಜೆ

ಸಾಲಿಯಿಂದ ಬಂದರೆ ಗೊಳಸಂಗಿಯಿಂದ ಶಂಕರೆಪ್ಪ ಬಂದು ಕೂತಿದ್ದಾನೆ. ಕಸ್ತೂರಿಯ ತಮ್ಮ. ಸುಗ್ಗಿಯ ರಾಶಿ ಬಿಟ್ಟು ಬರುವವನಲ್ಲ. ಚಹಾ ಮುಗಿಸಿ ಗಂಟಲು ಸರಿ ಮಾಡಿಕೊಂಡ.

"ಯಾವ ಮಠಾರಿ ಮಾವಾರ? ಅದನ್ನರ ಹೇಳಿ ಹೋಗ್ರಿ."

"ಎಂಥಾ ಮಠ?"

"ಹಾಸಿಗಿ ಬ್ಯಾರೆ, ಗಂಗಾಳ ಬ್ಯಾರೆ, ತಾಸಗಟ್ಲೆ ಪೂಜಾ. ಇಂಗ್ಲಿಷ್ ಪುಸ್ತಕ ಓದಿ ಸ್ವಾಮಿ ಆಗಾಕ ಹೊಂಟಾರ ಅಂತ ಅಕ್ಕ ಕಾಗದ ಬರಿಸ್ಯಾಳ. ಸಣ್ಣ ಕೂಸೈತಿ ಮನ್ಯಾಗ. ಇದು ನ್ಯಾಯ ಏನ್ರಿ?"

ನಗು ಬಂತು. ನಗುತ್ತ ನಗುತ್ತ ಅತ್ತುಬಿಟ್ಟೆ. ಎಲ್ಲ ಹೇಳಿದೆ — ನೀರು, ಸೂಜಿ, ದೊಡ್ಡಪ್ಪ. ಶಂಕರೆಪ್ಪ ಕೂತಲ್ಲೇ ಒಂದು ಗೇಣು ಹಿಂದೆ ಸರಿದ. ಅವನ ತಪ್ಪಲ್ಲ. ನಾನೂ ಕೋಲು ಹಿಡಿದವನೇ.

ಕಸ್ತೂರಿ ಒಳಗಿನಿಂದ ಬಂದಳು. ಕೈ ತುಂಬ ಜೋಳದ ಹಿಟ್ಟು. ನನ್ನ ಎಡಗೈಯನ್ನು ಎರಡೂ ಕೈಯಲ್ಲಿ ಹಿಡಿದು ಕೂತಳು.

"ಇಷ್ಟನ? ನೀವು ಬಿಟ್ಟು ಹೋಗ್ತೀರಿ ಅಂತ ಹದಿನೈದು ದಿನ ಕಣ್ಣ ಮುಚ್ಚಿಲ್ಲ ನಾ. ರೋಗಕ್ಕ ಡಾಕ್ಟರ್ ಅದಾರ. ಸ್ವಾಮಿ ಆದವರನ್ನ ಯಾರಿಗೆ ತೋರಸಲಿ?"

ಒಂದೇ ಗಂಗಾಳ ತಂದಿಟ್ಟಳು. ನಾನು ಬೇಡ ಅಂದೆ. ಅವಳು ರೊಟ್ಟಿ ಮುರಿದು ನನ್ನ ಪಲ್ಲೆಗೇ ಕೈ ಹಾಕಿದಳು.

೨೯ ಜನವರಿ. ಬಿಜಾಪುರ, ಬಸ್‌ಸ್ಟ್ಯಾಂಡ್. ಮಧ್ಯಾಹ್ನ ೩

ಇಂಡಿ ಬಸ್ಸು ಇನ್ನೂ ಬಂದಿಲ್ಲ. ಬರೆಯದೆ ಇರಲಾರೆ.

ಅಲ್ಲ. ಆ ರೋಗ ಅಲ್ಲ.

ವಯಸ್ಸಾದ ಡಾಕ್ಟರು. ಮೈಯೆಲ್ಲ ನೋಡಿದರು, ಮಚ್ಚೆ ಇಲ್ಲ. ಅರಳೆ ಎಳೆ ತೀಡಿ ಎಲ್ಲಿಯ ತನಕ ತಿಳಿಯುತ್ತದೆ ಅಂತ ಪೆನ್ನಿನಿಂದ ಗೆರೆ ಎಳೆದರು. ಯಾವಾಗ ಹೆಚ್ಚು, ಯಾವಾಗ ಕಡಿಮೆ ಕೇಳಿದರು. ಆಮೇಲೆ, "ಮನ್ಯಾಗ ದಿನಾ ಹೆಂಗ ಕೂಡ್ತೀರಿ? ಕುಂತ ತೋರಸ್ರಿ."

ಅವರ ಟೇಬಲ್ಲಿಗೆ ಎಡ ಮೊಣಕೈ ಊರಿದೆ. ಗದ್ದ ಅಂಗೈ ಮೇಲೆ. ಬಲಗೈಯಿಂದ ಪುಟ ತಿರುವಿದ ಹಾಗೆ ಮಾಡಿದೆ. ಅವರು ಮೊಣಕೈ ಎಲುಬಿನ ಸಂದಿಯಲ್ಲಿ ಒತ್ತಿದರು. ಕಿರುಬೆರಳ ತನಕ ಕರೆಂಟು ಹರಿಯಿತು.

"ನರ ಸಿಕ್ಕೊಂಡೈತಿ, ಅಷ್ಟ. ಎಷ್ಟ ದಿನಾತು ಹಿಂಗ ಓದಾಕತ್ತು?"

"ಮೂರು ತಿಂಗಳಾತ್ರಿ. ದಿನಾ ಮೂರು ತಾಸು."

"ಏನ್ ಪುಸ್ತಕರಿ ಅದು?"

"ಅನುಭವದ ಮ್ಯಾಲಿಂದ್ರಿ."

"ಅನುಭವ ಆತಲ್ಲ. ಇನ್ನ ದಿಂಬ ಹಾಕ್ಕೊಂಡ ಓದ್ರಿ."

ಜೊತೆಗೆ ಬಂದಿದ್ದ ಕಸ್ತೂರಿ ಸೆರಗು ಬಾಯಿಗೆ ಒತ್ತಿ ನಕ್ಕಳು. ಡಾಕ್ಟರು ನಗಲಿಲ್ಲ. ಇನ್ನೊಂದು ಮಾತು ಹೇಳಿದರು. "ಆ ರೋಗನ ಆಗಿದ್ರೂ ಗುಳಿಗಿ ಅದಾವ ಮಾಸ್ತರ. ಓದಿದವರು ನೀವ ಗಂಗಾಳ ಬ್ಯಾರೆ ಮಾಡಿದ್ರ ಹೆಂಗ?" ದೊಡ್ಡಪ್ಪನ ನೆನಪಾಗಿ ತಲೆ ತಗ್ಗಿಸಿದೆ.

ಹಗುರ. ಎದೆ ಮೇಲಿನ ಕಲ್ಲು ಇಳಿಯಿತು. ಬಸ್ಸು ಬಂ...

೨ ಫೆಬ್ರುವರಿ

ಎಲ್ಲವನ್ನೂ ಕಂಸದೊಳಗೆ ಹಾಕಿದವನು ಹೆದರಿಕೆ ಒಂದನ್ನು ಹೊರಗೆ ಬಿಟ್ಟಿದ್ದೆ. ಅನುಭವಕ್ಕೆ ಬಂದದ್ದು ಇಷ್ಟೇ — ಕಿರುಬೆರಳಿಗೆ ನೀರು ತಿಳಿಯಲಿಲ್ಲ. ಉಳಿದದ್ದೆಲ್ಲ ದೊಡ್ಡಪ್ಪನ ಗುಡಿಸಲು. ಆ ಡಾಕ್ಟರು ಈ ಪುಸ್ತಕ ಮುಟ್ಟಿರಲಿಕ್ಕಿಲ್ಲ, ಅದರಲ್ಲಿ ಹೇಳಿದ ಹಾಗೆಯೇ ನೋಡಿದರು. ನಾನು ನೂರಾ ನಾಲ್ಕು ಪುಟ ಓದಿ ಮೊದಲು ಹೆಸರಿಟ್ಟೆ.

ಕಸ್ತೂರಿ ಹಳೇ ಸೀರೆಯ ದಿಂಬು ಹೊಲಿದಳು. ಪುಸ್ತಕವನ್ನು ತಾನೇ ತಂದು ಟೇಬಲ್ಲಿನ ಮೇಲಿಟ್ಟಳು. ಜೋಳದ ಧೂಳು ಒರೆಸಿ.

೯ ಮಾರ್ಚ್, ರವಿವಾರ. ಬೆಳಿಗ್ಗೆ

ತಿಂಗಳ ಮೇಲಾಯಿತು ಬರೆದು. ಬರೆಯುವಂಥದ್ದು ಏನೂ ಆಗಲಿಲ್ಲ, ಅದೇ ಸುಖ. ಪರೀಕ್ಷೆ ಹತ್ತಿರ ಬಂತು. ಪುಟ ನೂರಾ ಐವತ್ತು. ಹೋದ ವಾರದಿಂದ ಕಿರುಬೆರಳಲ್ಲಿ ಇರುವೆ ಹರಿದಂತೆ ಜುಮು ಜುಮು.

ಈಗ ಪೂಜೆ ಮುಗಿಸಿ ಬರೆಯಲು ಕೂತೆ. ಎಡಗೈ ಟೇಬಲ್ಲಿನ ಅಂಚಿನಿಂದ ಕೆಳಗೆ ಇಳಿಬಿಟ್ಟಿದ್ದೇನೆ, ಮೊಣಕೈಗೆ ಭಾರ ಬೀಳದ ಹಾಗೆ. ಕಣ್ಣು ಹಾಳೆಯ ಮೇಲೆಯೇ ಇದೆ. ಕಿರುಬೆರಳಿಗೆ ಏನೋ ಬಂತು. ಬಂದ ಹಾಗೆ ಬರೆಯುತ್ತೇನೆ — ಬೆಚ್ಚಗಿದೆ. ಸಣ್ಣದು. ಸ್ವಲ್ಪ ಒದ್ದೆ, ಬೆಲ್ಲದ ಅಂಟು. ಬಿಗಿಯಾಗಿ ಹಿಡಿದು ಕೆಳಕ್ಕೆ ಎಳೆಯುತ್ತಿದೆ. ಇನ್ನೂ ತಿರುಗಿ ನೋಡಿಲ್ಲ, ಹೆಸರಿಟ್ಟಿಲ್ಲ, ಸು—